ಲಿವರ್‌ಪೂಲಿನ ದರ, ಹುನಗುಂದದ ಹೊಲ

1813ರಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಸನ್ನದು ಮುಗಿಯುವುದರಲ್ಲಿತ್ತು. ಹಿಂದೂಸ್ತಾನದ ವ್ಯಾಪಾರವೆಲ್ಲ ಕಂಪನಿಯೊಂದರದೇ ಏಕೆ, ನಮಗೂ ಬಾಗಿಲು ತೆಗೆಯಿರಿ ಎಂದು ಮ್ಯಾಂಚೆಸ್ಟರ್, ಗ್ಲ್ಯಾಸ್ಗೋ, ಲಿವರ್‌ಪೂಲಿನ ವರ್ತಕರು ಕೂಗೆಬ್ಬಿಸಿದ್ದರು. ಪಾರ್ಲಿಮೆಂಟಿನ ಸಮಿತಿ ಆ ನಾಡನ್ನು ಕಂಡು ಬಂದವರನ್ನು ಕರೆಸಿ ವಿಚಾರಿಸತೊಡಗಿತು. ಅವರಲ್ಲಿ ಒಬ್ಬ ಥಾಮಸ್ ಮನ್ರೋ. ಕೆನರಾದಲ್ಲಿ, ಆಮೇಲೆ ಬಳ್ಳಾರಿ-ಕಡಪಾ ಸೀಮೆಯಲ್ಲಿ ಕಲೆಕ್ಟರಾಗಿದ್ದು ಊರೂರು ತಿರುಗಿ ಜಮೀನಿನ ಲೆಕ್ಕ ಬರೆಸಿದವನು. ನಮ್ಮ ಗಿರಣಿ ಮಾಲು ಅಲ್ಲಿ ಖರ್ಚಾಗುತ್ತದೆಯೇ ಎಂದು ಕೇಳಿದ್ದಕ್ಕೆ ಅವನು ಭರವಸೆಯ ಉತ್ತರವನ್ನೇನೂ ಕೊಡಲಿಲ್ಲ. ಅಲ್ಲಿನ ಬಟ್ಟೆ ಅಗ್ಗವೂ ಹೌದು, ಗಟ್ಟಿಯೂ ಹೌದು ಅಂದ. ತಾನು ಏಳು ವರ್ಷ ಬಳಸಿದ ಹಿಂದೂಸ್ತಾನಿ ಶಾಲು ಹೆಚ್ಚೇನೂ ಕೆಟ್ಟಿಲ್ಲ, ಯುರೋಪಿನ ಶಾಲನ್ನು ಪುಕ್ಕಟೆ ಕೊಟ್ಟರೂ ಹೊದೆಯಲಾರೆ ಅಂದ.

ಐದೇ ವರ್ಷಕ್ಕೆ ಇದೇ ಮನ್ರೋ ಬಾದಾಮಿ ಕೋಟೆಯ ಕೆಳಗೆ ತೋಪು ಹೂಡಿಸಿ ನಿಂತಿದ್ದ.

ಪರದೇಶದವರು ಒಂದು ಸೀಮೆಗೆ ಏಕೆ ಕೈಹಾಕುತ್ತಾರೆ ಎಂದು ತಿಳಿಯಬೇಕಾದರೆ ಅವರ ಜಾಹೀರುನಾಮೆಗಳನ್ನು ಓದಿ ಪ್ರಯೋಜನವಿಲ್ಲ. ಅವರು ಎಲ್ಲಿ ರಸ್ತೆ ಹಾಕಿದರು, ಯಾವುದನ್ನು ಅರ್ಧಕ್ಕೆ ಬಿಟ್ಟರು ಎಂದು ನೋಡಬೇಕು. ಬಾಗಲಕೋಟೆ, ಬಾದಾಮಿ, ಹುನಗುಂದ, ಇಳಕಲ್ಲಿನ ಹತ್ತೊಂಬತ್ತನೇ ಶತಮಾನವನ್ನು ಹಾಗೆ ನೋಡಿದರೆ ಎಳೆಯೊಂದು ಸಿಗುತ್ತದೆ. ಅದು ಹತ್ತಿಯ ಎಳೆ.

ಕಂಪನಿ ಈ ಸೀಮೆಗೆ ಬಂದದ್ದು ಹತ್ತಿಗಾಗಿ ಎಂದರೆ ಮಾತ್ರ ಸುಳ್ಳಾದೀತು. ಬಂದದ್ದು ಕಂದಾಯಕ್ಕಾಗಿ. ಎರಡನೇ ಬಾಜೀರಾಯ ಪೇಶ್ವೆ 1802ರ ಕೊನೆಯ ದಿನ ವಸಾಯಿಯಲ್ಲಿ ಒಪ್ಪಂದಕ್ಕೆ ಸಹಿ ಹಾಕಿ ಕಂಪನಿಯ ದಂಡನ್ನು ತನ್ನ ರಕ್ಷಣೆಗೆ ಇಟ್ಟುಕೊಂಡ. ದಂಡಿನ ಖರ್ಚಿಗೆ ಮುಲುಕು ಬರೆದುಕೊಡಬೇಕು ಎಂಬುದು ಕರಾರು. ಯಾರನ್ನು ಕಾಯಲು ದಂಡು ಬಂತೋ ಅವನ ಉತ್ಪನ್ನವನ್ನೇ ಅದು ತಿನ್ನುತ್ತ ಹೋಗುತ್ತದೆ. ಕಡೆಗೆ ಕೊಡಲು ಏನೂ ಉಳಿಯದಾದಾಗ ಅವನನ್ನೇ ಎಬ್ಬಿಸುತ್ತದೆ. ಈ ಆಟವನ್ನು ಕಂಪನಿ ಔಧಿನಿಂದ ತಂಜಾವೂರಿನವರೆಗೆ ಬೇರೆಬೇರೆ ಬಗೆಯಲ್ಲಿ ಆಡಿತ್ತು. 1817ರ ಜೂನ್‌ನಲ್ಲಿ ಪುಣೆಯ ಹೊಸ ಒಪ್ಪಂದವಾಯಿತು. ಅದರಲ್ಲಿ ಪೇಶ್ವೆ ಬಿಟ್ಟುಕೊಟ್ಟ ಮುಲುಕುಗಳಲ್ಲಿ ಧಾರವಾಡ, ಕುಸುಗಲ್ಲೂ ಇದ್ದವು. ಅವನ್ನು ವಶಕ್ಕೆ ತೆಗೆದುಕೊಳ್ಳಲು ಬಂದವನು ಮನ್ರೋ. ನವೆಂಬರಿನಲ್ಲಿ ಖಡಕಿಯಲ್ಲಿ ಯುದ್ಧ ಹತ್ತಿಕೊಂಡಾಗ ಅವನ ಕೈಯಲ್ಲಿ ಹೇಳಿಕೊಳ್ಳುವಂಥ ಫೌಜೂ ಇರಲಿಲ್ಲ, ಖಜಾನೆಯೂ ಇರಲಿಲ್ಲ.

ಅವನ ಚಾತುರ್ಯ ಕಾಣುವುದು ಇಲ್ಲಿ. ಇನ್ನೂ ಗೆದ್ದಿರದ ತಾಲೂಕುಗಳಿಗೇ ಅಮಲ್ದಾರರನ್ನು ನೇಮಿಸಿ ಕಳಿಸಿದ. ಅವರು ಊರ ಬಂಟರನ್ನು ಕೂಡಿಸಿ ಹಳ್ಳಿಗಳನ್ನು ಹಿಡಿಯಬೇಕು, ಪಟ್ಟಿ ವಸೂಲು ಮಾಡಬೇಕು, ಆ ಪಟ್ಟಿಯಲ್ಲೇ ಬಂಟರಿಗೆ ಸಂಬಳ ಕೊಡಬೇಕು. ಮರಾಠಿ ಮಾಮಲೇದಾರ ಬರುವ ಮೊದಲೇ ಕಂಪನಿಯ ಮನುಷ್ಯ ಚಾವಡಿಯಲ್ಲಿ ಕೂತಿರುತ್ತಿದ್ದ. ಗೌಡ, ಕುಲಕರ್ಣಿಗಳು ಇಬ್ಬರಿಗೂ ಕೈ ಮುಗಿದರು, ಹಣ ಕೊಟ್ಟದ್ದು ಮೊದಲು ಬಂದವನಿಗೆ. ಹೀಗೆ ಈ ನಾಡನ್ನು ಗೆದ್ದ ಖರ್ಚು ಬಹುಪಾಲು ಈ ನಾಡಿನ ಜೋಳದ ಹೊಲದಿಂದಲೇ ಹುಟ್ಟಿತು. ಗೆಲ್ಲಲು ಬಂದವನ ಕಿಸೆಯಿಂದ ಹೋದದ್ದು ಕಡಿಮೆ.

ಬಾದಾಮಿ ಮಾತ್ರ ಚಾವಡಿಯಲ್ಲಿ ಕೂತು ಗೆಲ್ಲುವಂಥದ್ದಾಗಿರಲಿಲ್ಲ. ಅಗಸ್ತ್ಯ ತೀರ್ಥದ ಎರಡೂ ಬದಿ ಕೆಂಪು ಬಂಡೆಯ ಗುಡ್ಡ. ಬಡಗಲಲ್ಲಿ ಬಾವನ್ ಬಂಡೆ ಕೋಟೆ, ತೆಂಕಲಲ್ಲಿ ರಣಮಂಡಲ, ಅವೆರಡರ ಬುಡಕ್ಕೆ ಗೋಡೆ ಸುತ್ತಿದ ಊರು. ಬಂಡೆಯ ಸೀಳಿನಲ್ಲಿ ಒಬ್ಬೊಬ್ಬರೇ ಹತ್ತಬೇಕಾದ ಮೆಟ್ಟಿಲು. ಮೇಲೆ ಕೂತವನು ಕಲ್ಲು ಉರುಳಿಸಿದರೂ ಸಾಕು. 1786ರಲ್ಲಿ ಮರಾಠರೂ ನಿಜಾಮನೂ ಕೂಡಿ ಬಂದು ಟಿಪ್ಪುವಿನ ಕೈಯಿಂದ ಇದನ್ನು ಕಿತ್ತುಕೊಳ್ಳಲು ಬೆವರು ಹರಿಸಿದ್ದರು. 1818ರ ಫೆಬ್ರವರಿಯಲ್ಲಿ ಮನ್ರೋನ ತೋಪುಗಳು ಕೆಳಗೋಡೆಯಲ್ಲಿ ಕಂಡಿ ಕೆಡವಿದವು. ಬೆಳಕು ಹರಿಯುವ ಹೊತ್ತಿಗೆ ಸಿಪಾಯಿಗಳು ಒಳನುಗ್ಗಿದರು. ಮೇಲಿನ ಕೋಟೆಯವರು ಶರಣಾದರು. ಕೆಲವೇ ದಿನಗಳಲ್ಲಿ ಬಾಗಲಕೋಟೆ ಕಾದಾಡದೆಯೇ ಕೈಗೆ ಬಂತು. ಏಪ್ರಿಲ್‌ನಲ್ಲಿ ಬೆಳಗಾವಿ ಬಿತ್ತು. ಕಲಾದಗಿಯಲ್ಲಿ ದಂಡು ಬೀಡುಬಿಟ್ಟಿತು.

ಕಂದಾಯಕ್ಕೆ ಬಂದವರು ಹತ್ತಿಗೆ ತಿರುಗಿದ್ದು ಯಾವಾಗ? ಕಂದಾಯವನ್ನು ನಗದಿನಲ್ಲಿ ಕಟ್ಟು ಎಂದ ದಿನವೇ ಬೀಜ ಬಿತ್ತಿತು ಅನ್ನಬಹುದು. ಹುನಗುಂದದ ಎರೆ ಹೊಲದಲ್ಲಿ ಜೋಳ ಬೆಳೆದರೆ ಮನೆಯ ಹಗೇವಿಗೆ ಹೋಗುತ್ತದೆ, ಹತ್ತಿ ಬೆಳೆದರೆ ರೊಕ್ಕವಾಗುತ್ತದೆ. ಸರ್ಕಾರಕ್ಕೆ ರೊಕ್ಕ ಬೇಕು, ಆದ್ದರಿಂದ ರೈತನಿಗೂ ರೊಕ್ಕ ಬೇಕು. 1840ರ ದಶಕದಲ್ಲಿ ಸರ್ವೆ ಅಧಿಕಾರಿ ವಿಂಗೇಟ್ ಮುಂತಾದವರು ಜಮೀನಿನ ಸರ್ವೆ ಮಾಡಿ ಮೂವತ್ತು ವರ್ಷಕ್ಕೆ ದರ ಕಟ್ಟಿದರು. ಹಳೆಯ ಬೇಕಾಬಿಟ್ಟಿ ವಸೂಲಿಗಿಂತ ಅದು ಎಷ್ಟೋ ಮೇಲು, ಒಪ್ಪಬೇಕು. ಆದರೆ ಮಳೆ ಹೋದ ವರ್ಷವೂ ಆ ದರ ತಪ್ಪುವಂತಿರಲಿಲ್ಲ.

ಅಷ್ಟು ಹೊತ್ತಿಗೆ ಲ್ಯಾಂಕಶೈರಿನ ಗಿರಣಿಗಳ ಹೊಟ್ಟೆ ದೊಡ್ಡದಾಗಿತ್ತು. ಅವಕ್ಕೆ ಬೇಕಾದ ಹತ್ತಿಯ ಮುಕ್ಕಾಲು ಪಾಲಿಗೂ ಮಿಕ್ಕಿ ಅಮೆರಿಕದ ದಕ್ಷಿಣ ರಾಜ್ಯಗಳಿಂದ, ಗುಲಾಮರ ದುಡಿಮೆಯಿಂದ ಬರುತ್ತಿತ್ತು. ಒಂದೇ ಅಂಗಡಿಯನ್ನು ನಂಬಿ ಕೂಡುವುದು ಅಪಾಯವೆಂದು ಮ್ಯಾಂಚೆಸ್ಟರಿನವರು ಸರ್ಕಾರದ ಬೆನ್ನು ಹತ್ತಿದರು. 1840ರಲ್ಲಿ ಕಂಪನಿ ಅಮೆರಿಕದಿಂದ ಹತ್ತು ಮಂದಿ ಹತ್ತಿ ತೋಟಗಾರರನ್ನು ಸಂಬಳ ಕೊಟ್ಟು ಕರೆತಂದಿತು. ಈ ದೇಶದ ರೈತನಿಗೆ ಹತ್ತಿ ಬೆಳೆಯುವುದನ್ನು ಕಲಿಸಲು! ಹರಪ್ಪಾ ಕಾಲದಿಂದ ಹತ್ತಿ ನೂಲುತ್ತಿದ್ದ ದೇಶಕ್ಕೆ ಮಾಸ್ತರರು ಬಂದರು. ಧಾರವಾಡದ ಕಲೆಕ್ಟರ್ ಶಾ ಎಂಬವನು 1842ರ ಸುಮಾರಿಗೆ ನ್ಯೂ ಆರ್ಲಿಯನ್ಸ್ ಬೀಜವನ್ನು ಇಲ್ಲಿನ ರೈತರ ಕೈಯಲ್ಲಿ ಹಾಕಿಸಿದ. ಬೇರೆಡೆ ಕೈಕೊಟ್ಟ ಆ ಬೀಜ ಧಾರವಾಡ, ಹುಬ್ಬಳ್ಳಿ, ಗದಗಿನ ಮಣ್ಣಿಗೆ ಒಗ್ಗಿತು. ಪೇಟೆಯಲ್ಲಿ ಅದಕ್ಕೆ ‘ಧಾರವಾಡ ಅಮೆರಿಕನ್’ ಎಂದೇ ಹೆಸರಾಯಿತು.

ಬಾಗಲಕೋಟೆ, ಹುನಗುಂದದ ಕಡೆ ಹೆಚ್ಚಾಗಿದ್ದದ್ದು ಜವಾರಿ ಹತ್ತಿ. ಕುಮಟಾ ಬಂದರಿನಿಂದ ಹಡಗು ಹತ್ತುತ್ತಿದ್ದುದರಿಂದ ವಿಲಾಯತಿಯವರು ಅದನ್ನು ‘ಕುಮ್ಟಾ’ ಅನ್ನುತ್ತಿದ್ದರು. ಇದರ ಕಾಳು ಬಿಡಿಸುವ ಕೆಲಸ ಪೂರ್ತಿ ಹೆಂಗಸರದು. ಚಪ್ಪಟೆ ಕಲ್ಲಿನ ಮೇಲೆ ಹತ್ತಿ ಹರವಿ, ಅದರ ಮೇಲೆ ಕಬ್ಬಿಣದ ಸಲಾಕೆ ಇಟ್ಟು, ಎರಡೂ ಅಂಗಾಲಿನಿಂದ ಆ ಸಲಾಕೆಯನ್ನು ಹಿಂದೆಮುಂದೆ ಹೊರಳಿಸುತ್ತಿದ್ದರು. ಕಾಳು ಒಂದು ಕಡೆ ಜಾರಿ ಬೀಳುತ್ತಿತ್ತು, ಅರಳೆ ಇನ್ನೊಂದು ಕಡೆ ಬರುತ್ತಿತ್ತು. ನಿಧಾನದ ಕೆಲಸ, ಆದರೆ ಎಳೆ ಹರಿಯುತ್ತಿರಲಿಲ್ಲ. ಅಮೆರಿಕನ್ ಹತ್ತಿಯ ಅರಳೆ ಕಾಳಿಗೆ ಅಂಟಿಕೊಂಡಿರುತ್ತದೆ, ಸಲಾಕೆಗೆ ಬಗ್ಗುವುದಿಲ್ಲ. ಗರಗಸದ ಹಲ್ಲಿನ ಗಿನ್ನು ಬೇಕು. ಗಿನ್ನು ಕೆಟ್ಟರೆ ರಿಪೇರಿಯವನು ಬೇಕು. ಧಾರವಾಡದಲ್ಲಿ ಸರ್ಕಾರದ್ದೇ ಗಿನ್ನಿನ ಕಾರ್ಖಾನೆ ಎದ್ದಿತು. ಒಂದು ಹಿಡಿ ಬೀಜದ ಹಿಂದೆ ಯಂತ್ರ, ಯಂತ್ರದ ಹಿಂದೆ ಸಾಹೇಬ, ಸಾಹೇಬನ ಹಿಂದೆ ಕಾಯಿದೆ ಬಂತು.

1857ರ ದಂಗೆಯ ಕಥೆ ಎಲ್ಲರಿಗೂ ಗೊತ್ತಿರುವುದೇ. ಆದರೆ ಹಲಗಲಿಯನ್ನು ಇಲ್ಲಿ ಬಿಡುವಂತಿಲ್ಲ. ಕಂಪನಿಯ ಆಡಳಿತದಲ್ಲಿ ಹಳೆಯ ಪಾಳೆಯ-ದೇಸಗತಿಗಳ ಚಾಕರಿ ಹೋಗಿ, ಬೇಡರಂಥ ಬಂಟ ಸಮುದಾಯಗಳಿಗೆ ಬೇಟೆ, ಚೂರುಪಾರು ಹೊಲ ಮತ್ತು ಕೈಯಲ್ಲಿದ್ದ ಹತಾರ ಉಳಿದಿದ್ದವು. ಆ ಹತಾರವನ್ನೂ ಒಪ್ಪಿಸಿ ಎಂದು ಕಾಯಿದೆ ಬಂದಾಗ ಮುಧೋಳ ಸಂಸ್ಥಾನದ ಹಲಗಲಿಯ ಬೇಡರು ಇಲ್ಲ ಅಂದರು. ನವೆಂಬರ್ ಕೊನೆಗೆ ಕಲಾದಗಿಯ ಕುದುರೆ ದಂಡು ಊರನ್ನು ಸುತ್ತಿ ಬೆಂಕಿ ಇಟ್ಟಿತು; ಡಿಸೆಂಬರಿನಲ್ಲಿ 19 ಮಂದಿಯನ್ನು ಮುಧೋಳದಲ್ಲೂ ಹಲಗಲಿಯಲ್ಲೂ ಗಲ್ಲಿಗೆ ಹಾಕಿದರು. ಈ ದಂಗೆಯ ಲಾವಣಿಯನ್ನು ಸಂಗ್ರಹಿಸಿ ಅಚ್ಚು ಹಾಕಿಸಿದವನು ಬ್ರಿಟಿಷ್ ಅಧಿಕಾರಿಯೇ ಆಗಿದ್ದ ಜೆ. ಎಫ್. ಫ್ಲೀಟ್, ನಮ್ಮ ಶಾಸನಗಳನ್ನು ಓದಿದ ಅದೇ ಫ್ಲೀಟ್.

ಅದೇ 1857ರಲ್ಲಿ ಮ್ಯಾಂಚೆಸ್ಟರಿನಲ್ಲಿ ‘ಕಾಟನ್ ಸಪ್ಲೈ ಅಸೋಸಿಯೇಷನ್’ ಹುಟ್ಟಿತು. 1861ರ ಏಪ್ರಿಲ್‌ನಲ್ಲಿ ಅಮೆರಿಕದಲ್ಲಿ ಅಂತರ್ಯುದ್ಧ ಶುರುವಾಯಿತು. ಉತ್ತರದವರು ದಕ್ಷಿಣದ ಬಂದರುಗಳಿಗೆ ದಿಗ್ಬಂಧನ ಹಾಕಿದರು. ಲ್ಯಾಂಕಶೈರಿನಲ್ಲಿ ಗಿರಣಿಗಳು ನಿಂತು ಕೂಲಿಕಾರರು ಗಂಜಿಗೆ ಸಾಲುಗಟ್ಟಿದರು. ಅಲ್ಲಿಯವರೆಗೆ ಕಸ, ಕಾಳು, ಕೊಳೆ ಎಂದು ಬೈಸಿಕೊಂಡಿದ್ದ ನಮ್ಮ ಹತ್ತಿ ರಾತ್ರಿ ಕಳೆಯುವುದರಲ್ಲಿ ಬಂಗಾರವಾಯಿತು. ಲಿವರ್‌ಪೂಲಿನಲ್ಲಿ ದರ ನಾಲ್ಕಾರು ಪಟ್ಟು ಏರಿತು. ಬಂಡಿ ಗಾಲಿಗೆ ಬೆಳ್ಳಿ ಪಟ್ಟಿ ಬಡಿಸಿದ ರೈತರ ದಂತಕಥೆಗಳು ಆ ಕಾಲದವು.

ಹತ್ತಿ ಇತ್ತು, ಅದನ್ನು ಒಯ್ಯುವ ದಾರಿ ಇರಲಿಲ್ಲ. ಅಲ್ಲಿಯವರೆಗೆ ಲಂಬಾಣಿಗರ ಹೇರೆತ್ತುಗಳು ಘಟ್ಟ ಇಳಿದು ಕುಮಟಾ ಮುಟ್ಟಿ, ಬರುವಾಗ ಉಪ್ಪು ಹೇರಿಕೊಂಡು ಬರುತ್ತಿದ್ದವು. ಕುಮಟಾದಿಂದ ಹಾಯಿ ಹಡಗಿನಲ್ಲಿ ಮುಂಬೈ, ಅಲ್ಲಿ ಒತ್ತಿ ಅಂಡಿಗೆ ಕಟ್ಟಿ ಲಿವರ್‌ಪೂಲ್. ಈಗ ಮ್ಯಾಂಚೆಸ್ಟರಿನವರ ಕಣ್ಣು ಕಾರವಾರದ ಕಡಲ ಕೊಲ್ಲಿಯ ಮೇಲೆ ಬಿತ್ತು. ಅಲ್ಲಿಗೆ ಘಟ್ಟದ ರಸ್ತೆ ಕಡಿದರೆ ಧಾರವಾಡದ ಹತ್ತಿ ನೇರ ಹಡಗು ಹತ್ತುತ್ತದೆ. ಅಡ್ಡಿ ಒಂದೇ: ಧಾರವಾಡ ಮುಂಬೈ ಪ್ರಾಂತ್ಯದ್ದು, ಕಾರವಾರ ಮದರಾಸಿನದು. ಮದರಾಸಿಗೆ ಮುಂಬೈ ಜಿಲ್ಲೆಯ ಹತ್ತಿಗಾಗಿ ಬಂದರು ಕಟ್ಟುವ ಗರಜು ಇರಲಿಲ್ಲ. ಕಡೆಗೆ 1862ರಲ್ಲಿ ಉತ್ತರ ಕನ್ನಡವನ್ನೇ ಮದರಾಸಿನಿಂದ ಕಿತ್ತು ಮುಂಬೈಗೆ ಹಚ್ಚಿದರು. ಉತ್ತರ ಕನ್ನಡದವರು 2021ರವರೆಗೂ ‘ಮುಂಬೈ ಕರ್ನಾಟಕ’ದ ಲೆಕ್ಕದಲ್ಲಿದ್ದದ್ದು, ಪಕ್ಕದ ದಕ್ಷಿಣ ಕನ್ನಡದವರು ಮದರಾಸಿನ ಲೆಕ್ಕದಲ್ಲಿ ಉಳಿದದ್ದು, ಒಂದೇ ಕೆನರಾದ ಅಣ್ಣತಮ್ಮಂದಿರ ಕಂದಾಯದ ಕಾಗದಗಳೂ ಶಾಲೆಯ ಪುಸ್ತಕಗಳೂ ತೊಂಬತ್ತು ವರ್ಷಕ್ಕೂ ಮಿಕ್ಕಿ ಬೇರೆಬೇರೆ ದಾರಿ ಹಿಡಿದದ್ದು, ಇವಕ್ಕೆಲ್ಲ ಮೂಲ ಮಿಸಿಸಿಪಿ ದಂಡೆಯ ಒಂದು ಯುದ್ಧ ಮತ್ತು ಲ್ಯಾಂಕಶೈರಿನ ಗಾಬರಿ.

ಮ್ಯಾಂಚೆಸ್ಟರ್ ಕಾಟನ್ ಕಂಪನಿ ಎಂಬುದೊಂದು ಹುಟ್ಟಿ ಏಜೆಂಟರನ್ನೂ ಹತ್ತಿ ಒತ್ತುವ ಯಂತ್ರಗಳನ್ನೂ ಕಾರವಾರಕ್ಕೆ ಕಳಿಸಿತು. ಇಳಿದು ನೋಡಿದರೆ ಧಕ್ಕೆಯಿಲ್ಲ, ರಸ್ತೆ ಪೂರ್ತಿಯಾಗಿಲ್ಲ. ಸರ್ಕಾರ ಮಾತಿಗೆ ತಪ್ಪಿತು ಎಂದು ವರ್ತಕರು, ವರ್ತಕರು ಗಂಟು ಬಿಚ್ಚದೆ ಎಲ್ಲವನ್ನೂ ಸರ್ಕಾರದ ಕೈಯಲ್ಲಿ ಮಾಡಿಸಬಯಸುತ್ತಾರೆ ಎಂದು ಸರ್ಕಾರದವರು ಜಗಳಕ್ಕೆ ಬಿದ್ದರು. ನನಗೆ ಎರಡನೆಯ ದೂರೇ ಹೆಚ್ಚು ದಿಟವೆನ್ನಿಸುತ್ತದೆ. ಮುಕ್ತ ವ್ಯಾಪಾರದ ಮಂತ್ರ ಪಠಿಸುತ್ತಿದ್ದ ಮ್ಯಾಂಚೆಸ್ಟರಿಗೆ ರಸ್ತೆ, ಬಂದರು, ಕಾಯಿದೆಗಳೆಲ್ಲ ಹಿಂದೂಸ್ತಾನದ ರೈತನ ಕಂದಾಯದಿಂದಲೇ ಆಗಬೇಕಿತ್ತು. ಕಾಯಿದೆ ಬೇಗ ಸಿಕ್ಕಿತು: 1863ರಲ್ಲಿ ಮುಂಬೈ ಸರ್ಕಾರ ಹತ್ತಿಯ ಕಲಬೆರಕೆ ತಡೆಯಲು ಕಾಯಿದೆ ಮಾಡಿ, ಇನ್‌ಸ್ಪೆಕ್ಟರುಗಳನ್ನು ನೇಮಿಸಿ, ಅವರ ಖರ್ಚನ್ನು ಹತ್ತಿಯ ಮೇಲೆಯೇ ಹೊರಿಸಿತು. ಹತ್ತಿಗೆ ನೀರು ಹೊಡೆಯುವುದು, ಕಾಳು-ಮಣ್ಣು ಸೇರಿಸುವುದು ಇತ್ತು, ಸುಳ್ಳಲ್ಲ. ಆದರೆ ಅದನ್ನು ಹೆಚ್ಚಾಗಿ ಮಾಡುತ್ತಿದ್ದವರು ನಡುವಿನ ದಲಾಲರು, ದಂಡ ಬಿದ್ದದ್ದು ಮಾತ್ರ ಕೊನೆಗೆ ರೈತನ ದರದ ಮೇಲೆ.

1865ರ ಏಪ್ರಿಲ್‌ನಲ್ಲಿ ಅಮೆರಿಕದ ಯುದ್ಧ ಮುಗಿಯಿತು. ಮುಂಬೈಯ ಷೇರು ಪೇಟೆ ಕುಸಿದು ಪ್ರೇಮಚಂದ್ ರಾಯಚಂದನಂಥ ಹತ್ತಿ ದೊರೆಯೇ ನೆಲಕಚ್ಚಿದ. ಮ್ಯಾಂಚೆಸ್ಟರ್ ಕಾಟನ್ ಕಂಪನಿ ಬಾಗಿಲು ಹಾಕಿತು, ಕಾರವಾರದ ಬಂದರಿನ ಕೆಲಸ ನಿಂತಿತು. ಕಾರವಾರಕ್ಕೆ ರೈಲು ಬೇಕೆಂದು ಆಗ ಎದ್ದ ಕೂಗು ಹುಬ್ಬಳ್ಳಿ-ಅಂಕೋಲಾ ಎಂಬ ಹೆಸರಿನಲ್ಲಿ ಇವತ್ತಿಗೂ ಕಡತದಲ್ಲಿ ಓಡಾಡುತ್ತಿದೆ. ಹೊಲದಲ್ಲಿ ಉಳಿದದ್ದು ಬೂಮಿನ ಕಾಲದಲ್ಲಿ ಮಾಡಿದ ಸಾಲ, ಮತ್ತು ಜೋಳದ ಜಾಗದಲ್ಲಿ ನಿಂತಿದ್ದ ಹತ್ತಿ.

ಹತ್ತೇ ವರ್ಷಕ್ಕೆ ಧಾತು-ಈಶ್ವರ ಸಂವತ್ಸರದ ಬರ ಬಂತು. 1876ರ ಮಳೆ ಪೂರ್ತಿ ಕೈಕೊಟ್ಟಿತು. ಬಾಗಲಕೋಟೆ, ಬಾದಾಮಿ, ಹುನಗುಂದ ಆಗ ಕಲಾದಗಿ ಜಿಲ್ಲೆಯ ತಾಲೂಕುಗಳು. ಮುಂಬೈ ಪ್ರಾಂತ್ಯದಲ್ಲಿ ಅತಿ ಹೆಚ್ಚು ಪೆಟ್ಟು ತಿಂದ ಜಿಲ್ಲೆಗಳಲ್ಲಿ ಇದೂ ಒಂದು. ವೈಸರಾಯ್ ಲಿಟ್ಟನ್ 1877ರ ಜನವರಿ ಒಂದರಂದು ದಿಲ್ಲಿಯಲ್ಲಿ ವಿಕ್ಟೋರಿಯಾಳನ್ನು ಚಕ್ರವರ್ತಿನಿ ಎಂದು ಸಾರುವ ದರ್ಬಾರು ನಡೆಸಿದ. ಅದೇ ತಿಂಗಳು ಖರ್ಚು ಬಿಗಿ ಹಿಡಿಯಲು ಹಿರಿಯ ಅಧಿಕಾರಿ ರಿಚರ್ಡ್ ಟೆಂಪಲ್‌ನನ್ನು ಬರದ ಸೀಮೆಗೆ ಕಳಿಸಿದ. ಬರದ ಕಾಮಗಾರಿಯಲ್ಲಿ ಕಲ್ಲು ಒಡೆಯುವ ಗಂಡಾಳಿಗೆ ದಿನಕ್ಕೆ ಒಂದು ಪೌಂಡು ಕಾಳು, ಮೇಲೊಂದು ಆಣೆ ಸಾಕೆಂದು ಟೆಂಪಲ್ ಗೊತ್ತುಮಾಡಿದ. ಅಂದರೆ ಅರ್ಧ ಕಿಲೋಗೂ ಕಡಿಮೆ. ಬರ ಹೋಗುತ್ತಿದ್ದಂತೆ ಇಲಿಗಳ ಹಿಂಡು ಬಂದು ಎದ್ದ ಬೆಳೆಯನ್ನೂ ತಿಂದಿತು. 1872ರ ಖಾನೇಸುಮಾರಿಗೂ 1881ರದಕ್ಕೂ ನಡುವೆ ಜಿಲ್ಲೆಯ ಜನಸಂಖ್ಯೆಯಲ್ಲಿ ಐದರಲ್ಲೊಂದು ಪಾಲು ಇಲ್ಲವಾಗಿತ್ತು. ಸತ್ತವರೂ ಗುಳೆ ಹೋದವರೂ ಅದರಲ್ಲಿ ಸೇರಿದ್ದಾರೆ.

ಬರದಲ್ಲಿ ಮೊದಲು ಬೀಳುವವನು ನೇಕಾರ. ಹೊಟ್ಟೆಗಿಲ್ಲದವರು ಸೀರೆ ಕೊಳ್ಳುವುದಿಲ್ಲ. ಇಳಕಲ್ಲು, ಗುಳೇದಗುಡ್ಡ, ಕಮತಗಿಗಳ ಮಗ್ಗಗಳು ನಿಂತಿದ್ದ ಆ 1877ರ ಜುಲೈನಲ್ಲಿ ಲಂಡನ್ನಿನ ಕಾಮನ್ಸ್ ಸಭೆಯ ಮುಂದೆ ಹಿಂದೂಸ್ತಾನದ ಬಟ್ಟೆಯ ವಿಷಯ ಬಂತು. ಆದರೆ ನೇಕಾರನ ವಿಷಯವಾಗಿ ಅಲ್ಲ. ಹಿಂದೂಸ್ತಾನಕ್ಕೆ ಬರುವ ಇಂಗ್ಲಿಷ್ ಬಟ್ಟೆಯ ಮೇಲೆ ಇದ್ದ ನೂರಕ್ಕೆ ಐದರ ಆಮದು ಸುಂಕ ಮುಂಬೈಯ ಹೊಸ ಗಿರಣಿಗಳಿಗೆ ಆಸರೆಯಾಗುತ್ತಿದೆ, ಅದನ್ನು ತೆಗೆಯಬೇಕು ಎಂದು ಸಭೆ ಗೊತ್ತುವಳಿ ಮಾಡಿತು. ಈ ಒತ್ತಡ ಹಳೆಯದು. ಮ್ಯಾಂಚೆಸ್ಟರ್ ಚೇಂಬರ್ 1874ರಲ್ಲೇ ಅರ್ಜಿ ಕೊಟ್ಟಿತ್ತು. ಸುಂಕ ಬಿಟ್ಟರೆ ಖಜಾನೆಗೆ ನಷ್ಟ ಎಂದ ವೈಸರಾಯ್ ನಾರ್ತ್‌ಬ್ರೂಕ್ ಲಂಡನ್ನಿನವರೊಡನೆ ಕೆಡಿಸಿಕೊಂಡು 1876ರಲ್ಲಿ ಹುದ್ದೆ ಬಿಟ್ಟು ಹೋಗಿದ್ದ. ಅಫ್ಘನ್ ತಕರಾರೂ ಅದಕ್ಕೆ ಕೂಡಿತ್ತು. ಅವನ ಜಾಗಕ್ಕೆ ಬಂದ ಲಿಟ್ಟನ್ 1879ರ ಮಾರ್ಚ್‌ನಲ್ಲಿ ತನ್ನ ಮಂಡಳಿಯ ಬಹುಮತವನ್ನೇ ಬದಿಗೆ ತಳ್ಳಿ ಒರಟು ಬಟ್ಟೆಯ ಮೇಲಿನ ಸುಂಕ ತೆಗೆದುಹಾಕಿದ. ಬರದ ಸಾಲ ತೀರಿರಲಿಲ್ಲ, ಕಾಬೂಲಿನ ಯುದ್ಧ ನಡೆದಿತ್ತು. ಕಲ್ಲು ಒಡೆಯುವವನ ಕಾಳಿನಲ್ಲಿ ಉಳಿತಾಯ ಹುಡುಕಿದ ಸರ್ಕಾರಕ್ಕೆ ಮ್ಯಾಂಚೆಸ್ಟರಿಗೆ ಬಿಟ್ಟುಕೊಡಲು ದುಡ್ಡಿತ್ತು. 1882ರಲ್ಲಿ ಉಳಿದ ಸುಂಕವೂ ಹೋಯಿತು.

ಬರದಿಂದ ಪಾಠ ಕಲಿತು ರೈಲು ಹಾಕಿದರು ಎಂಬ ಮಾತಿದೆ, ಅರ್ಧ ನಿಜ. ಹೊಟಗಿಯಿಂದ ಗದಗಿನವರೆಗೆ ಬಾಗಲಕೋಟೆ, ಬಾದಾಮಿ ಹಾದುಹೋಗುವ ಮೀಟರ್ ಗೇಜ್ ಹಾದಿ 1884ರಲ್ಲಿ ತೆರೆಯಿತು. ಇದು ಬರಪರಿಹಾರದ ಹಾದಿ. ಆದರೆ ಕಟ್ಟಿದ್ದು ಲಂಡನ್ನಿನ ಷೇರುದಾರರ ಸದರ್ನ್ ಮರಾಠಾ ರೈಲ್ವೆ ಕಂಪನಿ, ಅವರ ಬಡ್ಡಿಗೆ ಸರ್ಕಾರ ಜಾಮೀನು. ಹಾದಿ ಕಲಾದಗಿಯನ್ನು ಮುಟ್ಟಲಿಲ್ಲವಾದ್ದರಿಂದ ಜಿಲ್ಲೆಯ ಕಚೇರಿಗಳು 1885ರಲ್ಲಿ ವಿಜಾಪುರಕ್ಕೆ ಎದ್ದವು, ಆದಿಲಶಾಹಿ ಮಹಲುಗಳಲ್ಲಿ ಕಾರಕೂನರು ಕೂತರು. ಕಡಲಿಗೆ ಹಾದಿ ಬೇಕಿತ್ತಲ್ಲ, ಅದಕ್ಕೆ ಕಾರವಾರದ ಬದಲು ಪೋರ್ಚುಗೀಸರ ಮುರಗಾಂವ ಸಿಕ್ಕಿತು. 1878ರ ಡಿಸೆಂಬರಿನ ಬ್ರಿಟಿಷ್-ಪೋರ್ಚುಗೀಸ್ ಒಪ್ಪಂದವೇ ಒಂದು ಪಾಠ. ಅಲ್ಲಿ ರೈಲು-ಬಂದರು ಬಂತು, ಪ್ರತಿಯಾಗಿ ಗೋವೆಯ ಉಪ್ಪಿನ ಆಗರಗಳ ಹಿಡಿತ ಬ್ರಿಟಿಷರಿಗೆ ಹೋಯಿತು, ಪೋರ್ಚುಗೀಸ್ ಸರ್ಕಾರಕ್ಕೆ ವರ್ಷಕ್ಕೆ ನಾಲ್ಕು ಲಕ್ಷ ರೂಪಾಯಿ ಪರಿಹಾರ. ಪರಿಹಾರ ಸರ್ಕಾರಕ್ಕೆ, ಕೆಲಸ ಕಳೆದುಕೊಂಡದ್ದು ಉಪ್ಪಿನವರು.

ಇಷ್ಟೆಲ್ಲ ಆದರೂ ಇಳಕಲ್ಲಿನ ಮಗ್ಗ ಏಕೆ ಉಳಿಯಿತು? ವಿಲಾಯತಿ ಬಟ್ಟೆ ಹಿಂದೂಸ್ತಾನದ ನೇಕಾರರನ್ನೆಲ್ಲ ಮುಗಿಸಿತು ಎಂಬ ಸರಳ ಕಥೆಗೆ ಈ ಊರು ಒಗ್ಗುವುದಿಲ್ಲ. ಮುಗಿದವರು ಮೊದಲು ನೂಲುವ ಹೆಂಗಸರು. ಗಿರಣಿ ನೂಲು ಅಗ್ಗವಾಗಿ ಬಂದಾಗ ರಾಟೆಗಳು ಅಟ್ಟ ಸೇರಿದವು, ಆ ಸಂಪಾದನೆ ಯಾವ ಕಡತದಲ್ಲೂ ನಷ್ಟವೆಂದು ದಾಖಲಾಗಲಿಲ್ಲ. ಮಗ್ಗದವನಿಗೆ ಅದೇ ನೂಲು ಅನುಕೂಲವಾಯಿತು. ಅವನ ಸೀರೆಯನ್ನು ಲ್ಯಾಂಕಶೈರ್ ನೇಯುವಂತಿರಲಿಲ್ಲ: ಮೈಗೆ ಹತ್ತಿಯ ಹಾಸು, ಸೆರಗಿಗೆ ರೇಷ್ಮೆಯ ಹಾಸು, ಎರಡನ್ನೂ ಎಳೆಗೆ ಎಳೆ ಕೊಂಡಿ ಹಾಕಿ ಜೋಡಿಸಬೇಕು, ಒಂದೊಂದು ಸೀರೆಗೂ ಬೇರೆಬೇರೆ ಕೊಂಡಿ. ಸಾವಿರಗಟ್ಟಲೆ ಗಜ ಒಂದೇ ಸಮ ನೇಯುವ ಯಂತ್ರಕ್ಕೆ ಇದು ಲಾಭದ ಕೆಲಸವಲ್ಲ. ಗುಳೇದಗುಡ್ಡದ ಖಣವೂ ಅಂಥದೇ.

1894ರಲ್ಲಿ ಖಜಾನೆ ಬರಿದಾಗಿ ಆಮದು ಸುಂಕ ಮತ್ತೆ ಬಂದಾಗ ಮ್ಯಾಂಚೆಸ್ಟರ್ ಮತ್ತೆ ಎದ್ದು ಕೂತಿತು. 1896ರಲ್ಲಿ ರಾಜಿಯಾಯಿತು: ನೂಲಿಗೆ ಸುಂಕವಿಲ್ಲ, ವಿಲಾಯತಿ ಬಟ್ಟೆಗೆ ನೂರಕ್ಕೆ ಮೂರೂವರೆ ಸುಂಕ, ಹಿಂದೂಸ್ತಾನದ ಗಿರಣಿ ಬಟ್ಟೆಗೂ ಮೂರೂವರೆ ಎಕ್ಸೈಸ್. ತನ್ನ ನೆಲದ ಮಾಲಿಗೆ, ಹೊರಗಿನ ಮಾಲಿಗೆ ಸರಿತೂಗಲೆಂದೇ ತೆರಿಗೆ ಹಾಕಿದ ಸರ್ಕಾರಗಳು ಹೆಚ್ಚಿಲ್ಲ. ಕೈಮಗ್ಗಕ್ಕೆ ಈ ಎಕ್ಸೈಸ್ ತಟ್ಟಲಿಲ್ಲ. ಇಳಕಲ್ಲಿನ ಮೇಲಿನ ಕನಿಕರದಿಂದಲ್ಲ, ಇಳಕಲ್ಲಿನ ಮಗ್ಗ ಮ್ಯಾಂಚೆಸ್ಟರಿಗೆ ಎದುರಾಳಿಯಾಗಿರಲಿಲ್ಲ. ಗಿರಣಿ ಬಟ್ಟೆಯ ಆ ತೆರಿಗೆ ಹೋಗಲು 1925 ಬರಬೇಕಾಯಿತು. ಮುಂಬೈಯ ಗಿರಣಿ ಮಾಲಕರು ತೆರಿಗೆಯ ನೆಪ ಹೇಳಿ ಕೂಲಿ ಕಡಿದರು, ಕಾರ್ಮಿಕರು ತಿಂಗಳುಗಟ್ಟಲೆ ಮುಷ್ಕರ ಹೂಡಿದರು. ಡಿಸೆಂಬರಿನಲ್ಲಿ ಸರ್ಕಾರ ಎಕ್ಸೈಸ್ ಕೈಬಿಟ್ಟಿತು, ಹಳೆಯ ಕೂಲಿ ಮರಳಿತು.